ಟೇ ರಾಕ್ ಕೆರೆಯ ಗೋಡೆ ಮತ್ತು ನಾನು ಬರೆದ ಒಂದು ಸಾಲು

ಸೆಪ್ಟೆಂಬರ್ ತಿಂಗಳ ಕೊನೆಯ ವಾರದ ಒಂದು ಬೆಳಿಗ್ಗೆ, ಇನ್ನೂ ಸರಿಯಾಗಿ ಬೆಳಕು ಹರಿಯುವ ಮೊದಲೇ, ಮೆಲ್ಬರ್ನಿನ ಕ್ಲೇಟನ್ ರೈಲು ನಿಲ್ದಾಣದ ಮುಂದೆ ಮಗಳು ಶೈಲಾ ನಮ್ಮಿಬ್ಬರನ್ನು ಕಾರಿನಿಂದ ಇಳಿಸಿದಳು. ನಾವಿಬ್ಬರೆಂದರೆ ನಾನು ಮತ್ತು ಅವಳ ಮಗಳು, ಹದಿಮೂರು ವರ್ಷದ ಮೈತ್ರಿ. ಶೈಲಾ ಅಲ್ಲಿಯ ಆಸ್ಪತ್ರೆಯಲ್ಲಿ ಕೆಲಸದಲ್ಲಿದ್ದಾಳೆ. ಆ ದಿನ ಅವಳಿಗೆ ಬೆಳಗಿನ ಪಾಳಿ. ಜೋಳದ ರೊಟ್ಟಿ, ಶೇಂಗಾ ಹಿಂಡಿ, ನಾಲ್ಕು ಶೇಂಗಾ ಹೋಳಿಗೆ ಕಟ್ಟಿದ್ದ ಚೀಲವನ್ನು ನನ್ನ ಕೈಗೆ ಕೊಡುತ್ತ ಹೇಳಿದಳು:

"ಅಪ್ಪಾ, ಅಲ್ಲಿ ಗೈಡ್ ಜೋಡಿ ವಾದಕ್ಕ ನಿಂದ್ರಬ್ಯಾಡ್ರಿ. ಮತ್ತ ಏನೂ ಮುಟ್ಟಬ್ಯಾಡ್ರಿ. ಅದು ಲಕ್ಕುಂಡಿ ಅಲ್ಲ."

"ಲಕ್ಕುಂಡ್ಯಾಗ ಮುಟ್ಟಿದ್ದಕ್ಕನ ನಿನ್ನ ಕಾಲೇಜ್ ಫೀ ಕಟ್ಟೇನಿ," ಎಂದೆ.

"ಅದಕ್ಕ ಹೇಳಾಕತ್ತೇನಿ," ಎಂದು ಅವಳು ಕಾರು ತಿರುಗಿಸಿದಳು.

ಲಕ್ಕುಂಡಿಯ ಮಾತು ಬಂದದ್ದಕ್ಕೆ ಕಾರಣವಿದೆ. ನಾನು ಕಲ್ಲು ಕೆಲಸದವನು. ಏಳನೆಯ ಇಯತ್ತೆಗೆ ಶಾಲೆ ಬಿಟ್ಟು ಹುಸೇನಪ್ಪ ಮೇಸ್ತ್ರಿಗಳ ಕೈಕೆಳಗೆ ಸೇರಿದೆ. ಗದಗ ಸೀಮೆಯ ಹಳೆಯ ಬಾವಿ, ಗುಡಿಗಳ ದುರಸ್ತಿಯಲ್ಲಿ ನಲವತ್ತು ವರ್ಷ ದುಡಿದೆ. ಓದಿದ್ದೆಲ್ಲ ಆಮೇಲೆ, ಊರಿನ ವಾಚನಾಲಯದಲ್ಲಿ, ನಿಘಂಟನ್ನು ಪಕ್ಕದಲ್ಲಿಟ್ಟುಕೊಂಡು. ಗುಡಿಯ ಮುಂದಿನ ಫಲಕದಲ್ಲಿ ಬರೆದ ಇತಿಹಾಸಕ್ಕೂ ಗೋಡೆ ಬಿಚ್ಚಿದಾಗ ಕಾಣುವ ಇತಿಹಾಸಕ್ಕೂ ತಾಳೆಯಾಗದಿರುವುದನ್ನು ಎಷ್ಟೋ ಸಲ ಕಂಡಿದ್ದೇನೆ. ಆದ್ದರಿಂದ ಯಾರು ಏನು ಹೇಳಿದರೂ, ಮೊದಲು ಕಲ್ಲು ತೋರಿಸಿ ಎನ್ನುವುದು ನನ್ನ ಸ್ವಭಾವವಾಗಿಬಿಟ್ಟಿದೆ.

ಎರಡು ವರ್ಷಗಳ ಹಿಂದೆ ಇವರ ಸಂಸಾರ ಸಿಡ್ನಿಯಲ್ಲಿತ್ತು. ಅಳಿಯನ ಕಚೇರಿ ಅಲ್ಲಿಯ ನಾರ್ವೆಸ್ಟ್ ಬಡಾವಣೆಯಲ್ಲಿ. ಆಗ ಅಲ್ಲಿಗೆ ಹೋಗಿದ್ದ ನಾನು, ಬಂದರಿನ ಸುತ್ತಲಿನ ಮರಳುಗಲ್ಲಿನ ಕಟ್ಟಡಗಳನ್ನು ನೋಡಿ ಬಂದು ನಮ್ಮ ಜಿಲ್ಲೆಯ ಪತ್ರಿಕೆಗೆ ಒಂದು ಬರಹ ಕಳಿಸಿದ್ದೆ. ಅದರಲ್ಲೊಂದು ಸಾಲಿತ್ತು: "ಇಷ್ಟು ದೊಡ್ಡ ಖಂಡದಲ್ಲಿ, ಬಿಳಿಯರು ಬರುವ ಮುಂಚೆ, ಕಲ್ಲಿನ ಮೇಲೆ ಕಲ್ಲು ಇಟ್ಟವರು ಒಬ್ಬರೂ ಇರಲಿಲ್ಲ." ಓದುಗರಲ್ಲಿ ಹಲವರು ಫೋನು ಮಾಡಿ ಆ ಸಾಲನ್ನೇ ಮೆಚ್ಚಿದರು. ಶೈಲಾ ಅದನ್ನು ಮಗಳಿಗೂ ಓದಿ ಹೇಳಿದ್ದಳು. ಮೈತ್ರಿಗೆ ಕನ್ನಡ ಓದಲು ಬಾರದು, ಕೇಳಿದ್ದು ಮರೆಯುವುದಿಲ್ಲ. ಈ ವರ್ಷ ತರಗತಿಯಲ್ಲಿ ಇಲ್ಲಿಯ ಮೂಲನಿವಾಸಿಗಳ ಪಾಠ ಬಂದಾಗ ಅವಳು ಎದ್ದು ನಿಂತು, ನಮ್ಮ ಅಜ್ಜ ಕಲ್ಲು ಕೆಲಸದವರು, ಅವರು ಹೀಗೆ ಹೇಳುತ್ತಾರೆ ಎಂದಳಂತೆ. ಮೇಡಂ ಗದರಲಿಲ್ಲ. "ಹಾಗಾದರೆ ನಿನ್ನ ಅಜ್ಜನಿಗೆ ಟೇ ರಾಕ್ ಕೆರೆಯ ಕಲ್ಲಿನ ಗೋಡೆ ತೋರಿಸಿಕೊಂಡು ಬಾ. ರಜೆ ಮುಗಿದ ಮೇಲೆ, ಅವರು ಹೇಳಿದ್ದು ಸರಿಯೋ ತಪ್ಪೋ ನೀನೇ ಎಲ್ಲರ ಮುಂದೆ ಹೇಳು," ಎಂದರಂತೆ.

ರೈಲಿನಲ್ಲಿ ಕೂತ ಮೇಲೆ ಮೈತ್ರಿ ಕೇಳಿದಳು: "ಅಜ್ಜ, ನೀನು ರಾಂಗ್ ಆಗಿದ್ರೆ ನಾನು ಹೇಳಲೇಬೇಕು. ಓಕೆನಾ?"

"ಮೊದಲ ಗೋಡಿ ತೋರಸಲಿ," ಎಂದೆ.

ನಗರದ ನಿಲ್ದಾಣದ ಎದುರಿನಿಂದ ಹೊರಟ ಪ್ರವಾಸಿ ಮಿನಿಬಸ್ಸಿನಲ್ಲಿ ನಾವು ಹನ್ನೊಂದು ಮಂದಿ. ಟಿಕೇಟು ನನಗೆ ಇನ್ನೂರ ನಲವತ್ತು ಡಾಲರ್, ಮೈತ್ರಿಗೆ ಅದರ ಅರ್ಧ. ಹೋಗಿ ಬರುವ ದಾರಿ ಸುಮಾರು ಏಳುನೂರು ಕಿಲೋಮೀಟರು. ಜೀಲಾಂಗ್ ದಾಟಿದ ಮೇಲೆ ಮಳೆ ಹನಿಯಿತು, ನಿಂತಿತು, ಮತ್ತೆ ಹನಿಯಿತು. ಕೋಲಾಕ್ ಎಂಬ ಊರಿನಲ್ಲಿ ಚಹಾ ಕುಡಿದೆವು. ಅಲ್ಲಿಂದ ಮುಂದೆ ನೆಲವೆಲ್ಲ ಹಳೆಯ ಜ್ವಾಲಾಮುಖಿಗಳ ಸೀಮೆ. ಹಸಿರು ಹುಲ್ಲಿನ ನಡುವೆ ಬೋರಲು ಹಾಕಿದ ಬಟ್ಟಲಿನಂಥ ಗುಡ್ಡಗಳು. ಹೊಲಗಳ ಅಂಚಿನಲ್ಲಿ ಗಾರೆಯಿಲ್ಲದೆ ಕಟ್ಟಿದ ಕರಿಗಲ್ಲಿನ ಗೋಡೆಗಳು ಮೈಲುಗಟ್ಟಲೆ ಓಡುತ್ತಿದ್ದವು. ಸಂದಿಯ ಮೇಲೆ ಸಂದಿ ಬಾರದಂತೆ ಕಟ್ಟಿದ ಅಚ್ಚುಕಟ್ಟಾದ ಕೆಲಸ. ಯಾರು ಕಟ್ಟಿದ್ದೆಂದು ಮೈತ್ರಿಯಿಂದ ಚಾಲಕನನ್ನು ಕೇಳಿಸಿದೆ. ಸ್ಕಾಟ್ಲೆಂಡ್, ಐರ್ಲೆಂಡ್ ಕಡೆಯಿಂದ ಬಂದು ನೆಲೆಸಿದವರು ಎಂದ. ನಾನು ಮೈತ್ರಿಯ ಮುಖ ನೋಡಿದೆ. ಅವಳು ಕಿಟಕಿಯ ಕಡೆ ತಿರುಗಿದಳು.

ಹತ್ತೂವರೆಗೆ ಟವರ್ ಹಿಲ್ ತಲುಪಿದೆವು. ಹೆಸರು ಕೇಳಿ ಗೋಪುರದಂಥ ಬೆಟ್ಟವನ್ನು ನಿರೀಕ್ಷಿಸಿದ್ದ ನನಗೆ ಕಂಡದ್ದು ಒಂದು ಮಹಾಗುಂಡಿ. ರಸ್ತೆ ಅಂಚಿಗೆ ಬಂದು ನಿಂತಾಗ ಕಾಲಡಿಯಲ್ಲಿ ಭೂಮಿಯೇ ಬಾಯ್ದೆರೆದಿತ್ತು: ಅಗಲವಾದ ಕೆರೆ, ಕೆರೆಯ ನಡುವೆ ಕಾಡು ಬೆಳೆದ ದಿಬ್ಬಗಳು, ಆ ದಿಬ್ಬಗಳ ನೆತ್ತಿಯಲ್ಲಿ ಮತ್ತೆ ಚಿಕ್ಕ ಗುಂಡಿಗಳು. ಬೆಂಕಿ ಒಮ್ಮೆ ಒಡೆದು ಹೊರಬಂದು, ಸಾಲದೆಂದು ತನ್ನ ಬಾಯೊಳಗೆ ಮತ್ತೆ ಮತ್ತೆ ಒಡೆದ ಜಾಗ ಅದು. ಕೆರೆಯ ಮೇಲೆ ಮೋಡದ ನೆರಳು ಸರಿಯುತ್ತಿದ್ದುದನ್ನು ನೋಡುತ್ತ ಎಷ್ಟು ಹೊತ್ತು ನಿಂತೆನೋ ತಿಳಿಯದು. ಕೆಳಗಿಳಿದಾಗ ಎಮು ಪಕ್ಷಿಯೊಂದು ನನ್ನ ಎತ್ತರಕ್ಕೆ ಕತ್ತು ಚಾಚಿ, ರೊಟ್ಟಿಯ ಚೀಲವನ್ನು ಬಹಳ ಗಂಭೀರವಾಗಿ ಪರೀಕ್ಷಿಸಿತು. "ಅದಕ್ಕೂ ಪ್ರೂಫ್ ಬೇಕಂತೆ ಅಜ್ಜ," ಎಂದಳು ಮೈತ್ರಿ.

ಅಲ್ಲಿಂದ ಉತ್ತರಕ್ಕೆ ಒಂದು ಗಂಟೆಯ ದಾರಿ. ನಡುಹಗಲಿಗೆ ಟೇ ರಾಕ್ ಬಂತು. ನಕ್ಷೆಯಲ್ಲಿ ಅದಕ್ಕೆ ಲೇಕ್ ಕಾಂಡಾ ಎಂಬ ಹೆಸರೂ ಇದೆ. ಗುಂಡಿಚ್‌ಮಾರಾ ಎಂಬ ಜನರ ನೆಲ ಅದು. ಬುಜ್ ಬಿಮ್ ಎಂಬ ಜ್ವಾಲಾಮುಖಿ ಎಂದೋ ಕಾರಿದ ಕಲ್ಲಿನ ಹೊಳೆ ಅಲ್ಲಿ ಹರಿದು, ತಣಿದು, ಬಿರಿದು ನಿಂತಿದೆ. ಕಣ್ಣು ಹಾಯುವಷ್ಟೂ ಕರಿಬಂಡೆ, ಬಂಡೆಗಳ ನಡುವೆ ಜೊಂಡು, ಜೊಂಡಿನ ನಡುವೆ ಸದ್ದಿಲ್ಲದೆ ಚಲಿಸುವ ನೀರು. ಗಾಳಿ ಚಳಿಗಾಲದ್ದೇ ಇತ್ತು.

ನಮ್ಮನ್ನು ಕರೆದೊಯ್ಯಲು ಬಂದವರು ಆ ಜನರಲ್ಲೇ ಹಿರಿಯರು. ನನ್ನ ವಯಸ್ಸಿನವರೇ, ಬಿಳಿ ಗಡ್ಡ, ತಲೆಗೆ ಹಳೆಯ ಟೋಪಿ, ಕಾಲಿಗೆ ರಬ್ಬರ್ ಬೂಟು. "ಅಂಕಲ್ ಲೆನ್ ಅಂತ ಕರೀಬೇಕು. ಇಲ್ಲಿ ಎಲ್ಡರ್ಸ್‌ನ ಹಾಗೇ ಕರೆಯೋದು," ಎಂದು ಮೈತ್ರಿ ಪಿಸುಗುಟ್ಟಿದಳು. ಮೆಲ್ಬರ್ನಿನ ನಮ್ಮ ಕನ್ನಡದ ಮಕ್ಕಳೂ ಕಂಡ ಹಿರಿಯರನ್ನೆಲ್ಲ ಅಂಕಲ್ ಎಂದೇ ಕರೆಯುತ್ತವೆ. ನನಗದು ಎಂದೂ ಹಿಡಿಸಿರಲಿಲ್ಲ. ಈ ಮನುಷ್ಯನ ಹೆಸರಿನ ಹಿಂದೆ ಮಾತ್ರ ಅದು ಪದವಿಯಂತೆ ಕೂತಿತ್ತು. ಅವರ ಇಂಗ್ಲಿಷ್ ನನಗೆ ಅರ್ಧ ತಿಳಿಯಿತು. ಉಳಿದರ್ಧವನ್ನು ಮೈತ್ರಿ ತನಗೆ ಬರುವ ಕನ್ನಡದಲ್ಲಿ ಹೇಳಿದಳು. ಇಲ್ಲಿ ಬರೆಯುತ್ತಿರುವುದು ನಾನು ಗ್ರಹಿಸಿದಂತೆ ಅವರ ಮಾತು.

ಹೊರಡುವ ಮುಂಚೆ ಅಂಕಲ್ ಲೆನ್ ಟೋಪಿ ತೆಗೆದು, ನೀರಿನ ಕಡೆ ಮುಖ ಮಾಡಿ, ತಮ್ಮ ಭಾಷೆಯಲ್ಲಿ ನಾಲ್ಕು ಮಾತು ಹೇಳಿದರು. ಹೊಸಬರು ಬಂದಿದ್ದಾರೆ, ಒಳಗೆ ಬಿಡು ಎಂದು ನೆಲವನ್ನು ಕೇಳಿದ್ದಂತೆ. ಪ್ರವಾಸಿಗರ ಮುಂದೆ ನಡೆಯುವ ಪ್ರದರ್ಶನವೆಂದು ನಾನು ಮನಸ್ಸಿನಲ್ಲೇ ಅಂದುಕೊಂಡೆ.

ಆಮೇಲೆ ಅವರು ವಿವರಿಸಿದರು. ಕಲ್ಲಿನ ನಡುವೆ ಕಾಲುವೆ ತೋಡಿ, ಅಡ್ಡಗೋಡೆ ಕಟ್ಟಿ, ಕೆರೆಯ ನೀರನ್ನು ಬೇಕಾದ ಕಡೆಗೆ ತಿರುಗಿಸಿ, ನೀರಿನೊಂದಿಗೆ ಬರುವ ಹಾವುಮೀನುಗಳನ್ನು ತಮ್ಮ ಹಿರಿಯರು ಸಾಕುತ್ತಿದ್ದರು. ಗೋಡೆಯಲ್ಲಿ ಬಿಟ್ಟ ಕಿಂಡಿಗೆ ಹೆಣೆದ ಬುಟ್ಟಿಯಿಟ್ಟು, ದೊಡ್ಡವನ್ನು ಹಿಡಿದು ಸಣ್ಣವನ್ನು ಬಿಡುತ್ತಿದ್ದರು. ಇದಕ್ಕೆ ಆರು ಸಾವಿರದ ಆರುನೂರು ವರ್ಷಗಳಾಗಿವೆ ಎಂದರು. ನಮ್ಮ ಲಕ್ಕುಂಡಿಯ ಬಾವಿಗಳಿಗೆ ಸಾವಿರ ವರ್ಷವೂ ತುಂಬಿಲ್ಲ. ನಾನು ಮೈತ್ರಿಯ ತೋಳು ಮುಟ್ಟಿದೆ.

"ಹೆಂಗ ಗೊತ್ತಾತು, ಕೇಳು."

"ಅಜ್ಜ, ಪ್ಲೀಸ್."

"ಕೇಳವ್ವಾ."

ಕಾಲುವೆಯಲ್ಲಿ ಸಿಕ್ಕ ಇದ್ದಿಲಿನ ವಯಸ್ಸನ್ನು ವಿಜ್ಞಾನಿಗಳು ಅಳೆದರು ಎಂದು ಉತ್ತರ ಬಂತು. ಇದ್ದಿಲಿನ ವಯಸ್ಸು ಕಲ್ಲಿನ ವಯಸ್ಸಲ್ಲವಲ್ಲ ಎಂದು ಕೇಳಿಸಿದೆ. ಅಂಕಲ್ ಲೆನ್ ನನ್ನನ್ನು ಮೊದಲ ಸಲ ನೆಟ್ಟಗೆ ನೋಡಿದರು. "ಅಲ್ಲ. ಇದ್ದಿಲು ಸಿಕ್ಕಿದ್ದು ಕಾಲುವೆಯ ತಳದ ಹೂಳಿನಲ್ಲಿ. ಹೂಳು ತುಂಬಬೇಕಾದರೆ ಕಾಲುವೆ ಮೊದಲೇ ಇರಬೇಕಲ್ಲ?" ಎಂದರು. ಬಾವಿಯ ಹೂಳು ತೆಗೆದೇ ಬದುಕಿದವನು ನಾನು. ಆ ಮಾತಿನಲ್ಲಿ ನನಗೆ ಹುಳುಕು ಸಿಗಲಿಲ್ಲ. ಆದರೂ ಗೋಡೆ ನೋಡದೆ ಒಪ್ಪುವುದು ಹೇಗೆ?

ಗೋಡೆ ಬಂತು. ಕಾಲುವೆಗೆ ಅಡ್ಡವಾಗಿ, ಮೊಣಕಾಲೆತ್ತರದ ಕರಿಗಲ್ಲುಗಳ ಸಾಲು. ನಡುವೆ ಒಂದು ಮೊಳ ಅಗಲದ ಕಿಂಡಿ, ಅದರಲ್ಲಿ ನುಣ್ಣಗೆ ಜಾರುವ ನೀರು. ಮೊದಲ ನೋಟಕ್ಕೆ ನನಗೆ ನಿರಾಸೆಯೇ ಆಯಿತು. ಬಿರಿದ ಬಂಡೆ ಉರುಳಿ ಹೊಳೆಗೆ ಅಡ್ಡ ಬಿದ್ದರೂ ಹೀಗೆಯೇ ಕಾಣುತ್ತದೆ. ಇದು ಪ್ರವಾಹಕ್ಕೆ ಜರುಗುವುದಿಲ್ಲವೇ ಎಂದು ಕೇಳಿಸಿದೆ. "ಜರುಗುತ್ತದೆ. ನಾವು ತಿರುಗಿ ಇಡುತ್ತೇವೆ," ಎಂದರು. ಹಾಗಾದರೆ ಹೋದ ವರ್ಷ ಇಟ್ಟ ಕಲ್ಲು ಹೋದ ವರ್ಷದ್ದೇ ಆಯಿತಲ್ಲ ಎಂದೆ. ಮೈತ್ರಿ ಇದನ್ನು ಅನುವಾದಿಸಲಿಲ್ಲ.

ಆಗ ಗೋಡೆಯಲ್ಲೊಂದು ಚಕ್ಕೆ ನನ್ನ ಕಣ್ಣಿಗೆ ಬಿತ್ತು. ಗಾರೆಯಿಲ್ಲದ ಗೋಡೆಯಲ್ಲಿ ದೊಡ್ಡ ಕಲ್ಲು ಅಲುಗದಂತೆ ಸಂದಿಗೆ ಜಡಿಯುವ ತೆಳ್ಳನೆಯ ಕಲ್ಲನ್ನು ನಾವು ಚಕ್ಕೆ ಎನ್ನುತ್ತೇವೆ. ತಾನಾಗಿ ಉರುಳಿದ ರಾಶಿಯಲ್ಲಿ ಚಕ್ಕೆಗಳು ಅಡಿಗೆ ಬಿದ್ದಿರುತ್ತವೆ. ನಡುಮಟ್ಟದ ಸಂದಿಯೊಳಗೆ ತಾವಾಗಿ ಹೋಗಿ ಕೂರುವುದಿಲ್ಲ. ಇಲ್ಲಿ ನೀರಿನ ಮೇಲ್ಬದಿಗೆ, ನಡುಮಟ್ಟದಲ್ಲಿ, ಅಂಗೈಯಗಲದ ಒಂದು ಚಕ್ಕೆ ಕಂಡಿತು. ಅದನ್ನು ಜಡಿದಿದ್ದರೋ, ಸುಮ್ಮನೆ ಸಿಕ್ಕಿಕೊಂಡಿತ್ತೋ? ನೋಡುವ ದಾರಿ ಒಂದೇ. ನಲವತ್ತು ವರ್ಷದ ಅಭ್ಯಾಸ. ಬುದ್ಧಿಗಿಂತ ಮೊದಲು ಕೈ ಹೋಯಿತು. ಬಗ್ಗಿ, ಎರಡು ಬೆರಳು ತೂರಿಸಿ, ಚಕ್ಕೆಯನ್ನು ಎಳೆದುಬಿಟ್ಟೆ.

ಮೇಲಿನ ಕಲ್ಲು ಒಮ್ಮೆ ತೂಗಿ, ಗುಡ್ ಎಂದು ವಾಲಿತು. ಅಷ್ಟು ಹೊತ್ತು ಕಿಂಡಿಯಲ್ಲಿ ಮಾತ್ರ ಹರಿಯುತ್ತಿದ್ದ ನೀರು ಗೋಡೆಯ ಮೈಯಲ್ಲೇ ದಾರಿ ಮಾಡಿಕೊಂಡು ಕೆಸರೆಬ್ಬಿಸಿ ನುಗ್ಗಿತು. ಚಕ್ಕೆ ನನ್ನ ಕೈಯಲ್ಲಿತ್ತು. ಮೈತ್ರಿ, "ಅಜ್ಜ," ಎಂದಳು, ಅಷ್ಟೇ. ಆ ಒಂದು ಮಾತು ತರಿಸಿದಷ್ಟು ನಾಚಿಕೆಯನ್ನು ನನಗೆ ಈವರೆಗೆ ಯಾವ ಮೇಲಧಿಕಾರಿಯೂ ತರಿಸಿರಲಿಲ್ಲ.

ಹುಸೇನಪ್ಪ ಮೇಸ್ತ್ರಿಗಳು ಹಳೆಯ ಗೋಡೆಯ ಒಂದು ಕಲ್ಲನ್ನು ಬಿಚ್ಚಬೇಕಾದರೂ ಮೊದಲು ಅದನ್ನು ನೀರಿನಿಂದ ತೊಳೆದು, ಅರಿಶಿನ ಹಚ್ಚಿ, ಕೈ ಮುಗಿದು, ಕಟ್ಟಿದವರ ಅಪ್ಪಣೆ ಕೇಳುತ್ತಿದ್ದರು. ಕೇಳದೆ ಮುಟ್ಟಿದ ಹುಡುಗರಿಗೆ ಆ ದಿನ ಕೆಲಸವಿಲ್ಲ. ನಾನೂ ಮೇಸ್ತ್ರಿಯಾದ ಮೇಲೆ ಆ ಪದ್ಧತಿಯನ್ನು ಒಂದು ದಿನವೂ ತಪ್ಪಿಸಿರಲಿಲ್ಲ. ಆ ಹೊತ್ತು ತಪ್ಪಿಸಿದ್ದೇಕೆಂದರೆ, ಆ ಗೋಡೆಗೆ ಕಟ್ಟಿದವರಿದ್ದಾರೆಂದು ನಾನು ಒಪ್ಪಿಯೇ ಇರಲಿಲ್ಲ.

ಅಂಕಲ್ ಲೆನ್ ಕೂಗಾಡಲಿಲ್ಲ. ನೀರಿಗಿಳಿದು ನನ್ನ ಎದುರು ನಿಂತು, "ತಿರುಗಿ ಇಡು," ಎಂದರು.

ನಾನು ಬೂಟು, ಕಾಲುಚೀಲ ಕಳಚಿ, ಪ್ಯಾಂಟು ಮಡಚಿ ಇಳಿದೆ. ನೀರು ಮೂಳೆ ಕೊರೆಯುವಷ್ಟು ತಣ್ಣಗಿತ್ತು. ಅವರು ವಾಲಿದ ಕಲ್ಲನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದರು. ನಮ್ಮ ಬಾವಿಗಳಲ್ಲಿ ಮಾಡುವಂತೆ ಚಕ್ಕೆಯ ದಪ್ಪ ಅಂಚನ್ನು ಒಳಗೆ ಮಾಡಿ ತೂರಿಸಿದೆ, ಕೂರಲಿಲ್ಲ. ಬೋರಲು ಮಾಡಿದೆ, ಕೂರಲಿಲ್ಲ. ಅಡ್ಡ ತಿರುಗಿಸಿದೆ, ಅರ್ಧ ಹೋಗಿ, ಮೇಲಿನ ಕಲ್ಲು ಜಾರಿ ನನ್ನ ಬಲಗೈ ಹೆಬ್ಬೆರಳನ್ನು ಕಚ್ಚಿತು. ಅಂಕಲ್ ಲೆನ್ ಕಲ್ಲೆತ್ತಿ ಬೆರಳು ಬಿಡಿಸಿ ಹೇಳಿದರು: "ಕಲ್ಲನ್ನು ನೋಡಬೇಡ. ನೀರನ್ನು ನೋಡು."

ನೀರನ್ನು ನೋಡಿದೆ. ಅದು ಮೇಲ್ಬದಿಯಿಂದ ಬಂದು, ಓರೆಯಾಗಿ ಆ ಸಂದಿಯನ್ನೇ ಒತ್ತುತ್ತಿತ್ತು. ಚಕ್ಕೆಯ ತೆಳು ಅಂಚನ್ನು ಹರಿವಿನ ಕಡೆಗೆ ಮಾಡಿ, ಅದೇ ಓರೆಯಲ್ಲಿ ಹಿಡಿದು ಕೈ ಸಡಿಲಿಸಿದೆ. ನಾನು ತಳ್ಳಲಿಲ್ಲ. ನೀರೇ ಅದನ್ನು ಒಳಗೆ ತೆಗೆದುಕೊಂಡಿತು. ಅಂಕಲ್ ಲೆನ್ ಕಲ್ಲನ್ನು ಇಳಿಸಿದರು. ಟಕ್ ಎಂಬ ಸಣ್ಣ ಸದ್ದು. ಗೋಡೆಯ ಮೈಯ ಹರಿವು ನಿಂತು, ನೀರೆಲ್ಲ ಕಿಂಡಿಯ ದಾರಿಗೆ ಮರಳಿತು.

ಅಲ್ಲಿಯೇ ನಿಂತೆ. ಆ ಚಕ್ಕೆ ಒಂದೇ ಬಗೆಯಲ್ಲಿ ಕೂರುತ್ತದೆ, ಮತ್ತು ಹಾಗೆ ಕೂತ ಮೇಲೆ ನೀರು ಒತ್ತಿದಷ್ಟೂ ಬಿಗಿಯಾಗುತ್ತದೆ. ನಾವು ನೀರನ್ನು ತಡೆಯಲು ಗೋಡೆ ಕಟ್ಟುವವರು. ಇವರು ನೀರಿನ ಕೈಯಿಂದಲೇ ಗೋಡೆಯನ್ನು ಬಿಗಿ ಮಾಡಿಸಿದ್ದರು. ಇದನ್ನು ಯೋಚಿಸಿದ ತಲೆ ಯಾವುದೋ, ಇಟ್ಟ ಕೈ ಯಾರದೋ ನನಗೆ ತಿಳಿಯದು. ಆದರೆ ಅದು ಮೇಸ್ತ್ರಿಯ ಕೈ. ಅದನ್ನು ನನ್ನ ಬೆರಳುಗಳು ಗುರುತಿಸಿದವು. ತಲೆ ಎತ್ತಿ ನೋಡಿದರೆ, ಅಂಥವೇ ಗೋಡೆಗಳು, ಅಂಥವೇ ಕಾಲುವೆಗಳು, ಜೊಂಡಿನ ನಡುವೆ ದೂರದವರೆಗೆ ಮಡಿಕೆ ಮಡಿಕೆಯಾಗಿ ಹೋಗಿದ್ದವು. ಅಷ್ಟು ಹೊತ್ತು ಉರುಳಿದ ಬಂಡೆಗಳೆಂದು ನಾನು ದಾಟಿ ಬಂದದ್ದೆಲ್ಲ ಅವೇ. ಇಡೀ ಕೆರೆಯೇ ಕಟ್ಟಿದ್ದಾಗಿತ್ತು.

ಬಲಗೈಯಿಂದ ಕಲ್ಲನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಂಡೆ. ಅದೇನೆಂದು ಅಂಕಲ್ ಲೆನ್ ಕೇಳಿದರು. "ಸಾರಿ ಅಂತ," ಎಂದ ಮೈತ್ರಿ, ಒಂದು ಕ್ಷಣ ಯೋಚಿಸಿ, "ನಮಸ್ಕಾರ ಅಂತಾನೂ," ಎಂದು ಸೇರಿಸಿದಳು.

ದಡಕ್ಕೆ ಬಂದ ಮೇಲೆ ಅವರು ಕೇಳಿದರು: "ನಿನಗೆ ಕೆಲಸ ಕಲಿಸಿದವರು ಯಾರು?"

ಹುಸೇನಪ್ಪ ಮೇಸ್ತ್ರಿಗಳ ಹೆಸರು ಹೇಳಿದೆ.

"ಅವರಿಗೆ?"

ಅವರ ತಂದೆ. ಅವರಿಗೆ ಅವರ ತಂದೆ. ಅದರಾಚೆ ನನಗೆ ತಿಳಿಯದು.

"ನೀನು ದುರಸ್ತಿ ಮಾಡಿದ ಬಾವಿ ಹೊಸದೋ, ಹಳೆಯದೋ?"

ಮೈತ್ರಿ ಅನುವಾದಿಸದೆ ಉಳಿಸಿದ್ದ, ಹೋದ ವರ್ಷದ ಕಲ್ಲಿನ ನನ್ನ ಮಾತನ್ನು ಅವರು ಅದು ಹೇಗೋ ಊಹಿಸಿಕೊಂಡಿದ್ದರು. ನಾನು ಬೂಟು ಹಾಕಿಕೊಳ್ಳತೊಡಗಿದೆ.

ಊಟಕ್ಕೆ ಎಲ್ಲರಿಗೂ ಹೊಗೆಯಲ್ಲಿ ಬೇಯಿಸಿದ ಹಾವುಮೀನು ಬಂತು. ನಾನು ಸಸ್ಯಾಹಾರಿ, ರೊಟ್ಟಿ ಬಿಚ್ಚಿದೆ. ಅಂಕಲ್ ಲೆನ್‌ಗೆ ಒಂದು ಶೇಂಗಾ ಹೋಳಿಗೆ ಕೊಟ್ಟೆ. ತಿಂದು, ಇನ್ನೊಂದಕ್ಕೆ ಕೈ ಚಾಚಿ ಅವರು ಏನೋ ಅಂದರು, ಮೈತ್ರಿ ನಕ್ಕಳು. "ಏನಂತ?" ಎಂದೆ. "ಮುಟ್ಟೋ ಮುಂಚೆ ಕೇಳ್ತಾ ಇದೀನಿ ಅಂತ ನಿಮ್ಮ ಅಜ್ಜನಿಗೆ ಹೇಳು ಅಂದ್ರು."

ಮಧ್ಯಾಹ್ನ ಮನೆಗಳ ಪಾಯ ತೋರಿಸಿದರು. ಅರ್ಧಚಂದ್ರದಂತೆ ಬಾಗಿದ ಕಲ್ಲಿನ ಸುತ್ತು. ಮೇಲೆ ಒಂದು ಕಾಲದಲ್ಲಿ ಕೊಂಬೆ, ಜೊಂಡಿನ ಹೊದಿಕೆಯಿತ್ತಂತೆ. ನಾನು ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡು ನಡೆದೆ. ಒಳಗೆ ಕೂರಬಹುದೇ ಎಂದು, ಈ ಸಲ ನಾನೇ ನನ್ನ ಇಂಗ್ಲಿಷಿನಲ್ಲಿ ಕೇಳಿದೆ. ಅವರು ಆಗಲಿ ಎಂದು ತಲೆಯಾಡಿಸಿದರು. ಕೂತೆ. ಬೆಳಗಿನಿಂದ ಕಿವಿಗೆ ಚುಚ್ಚುತ್ತಿದ್ದ ಗಾಳಿ ಒಮ್ಮೆಲೇ ಇಲ್ಲವಾಯಿತು. ಮೊಣಕಾಲೆತ್ತರದ ಪಾಯವೇ ಅಷ್ಟು ಕೆಲಸ ಮಾಡುತ್ತಿತ್ತು. ಮೈತ್ರಿ ಬಂದು ನನ್ನ ಪಕ್ಕ ಕೂತಳು. ಇಲ್ಲಿ ಯಾರೋ ಒಬ್ಬ ಅಜ್ಜ, ಯಾರೋ ಒಬ್ಬ ಮೊಮ್ಮಗಳು, ನೀರಿನ ಸದ್ದು ಕೇಳುತ್ತ ಕೂತಿದ್ದಿರಬೇಕು. ಎಷ್ಟು ಸಾವಿರ ವರ್ಷಗಳ ಹಿಂದೆ ಎಂಬ ಲೆಕ್ಕ ಆ ಹೊತ್ತಿಗೆ ನನಗೆ ಬೇಕೆನಿಸಲಿಲ್ಲ.

ಮೂರೂವರೆಗೆ ಬಸ್ಸು ಹೊರಟಿತು. ಅಂಕಲ್ ಲೆನ್ ಕೈ ಕುಲುಕಿ, ಊದಿದ ನನ್ನ ಹೆಬ್ಬೆರಳನ್ನು ನೋಡಿ ಹೇಳಿದರು: "ಆ ಚಕ್ಕೆ ಈಗ ನಿನ್ನದು. ಮುಂದಿನ ಪ್ರವಾಹಕ್ಕೆ ಅಲುಗಿದರೆ ನಿನ್ನನ್ನೇ ಕೇಳುತ್ತೇನೆ." ಕಿಟಕಿಯಿಂದ ಕೊನೆಯ ಸಲ ತಿರುಗಿ ನೋಡಿದಾಗ ಅವರು ಕಾಲುವೆಯ ಅಂಚಿನಲ್ಲಿ ಕುಕ್ಕರುಗಾಲಲ್ಲಿ ಕೂತು ನನ್ನ ಕೆಲಸವನ್ನು ಪರೀಕ್ಷಿಸುತ್ತಿದ್ದರು. ನಾನಾಗಿದ್ದರೂ ಹಾಗೆಯೇ ಮಾಡುತ್ತಿದ್ದೆ.

ದಾರಿಯಲ್ಲಿ ಯೋಚಿಸಿದೆ. ಆ ಸಾಲನ್ನು ನಾನು ಬರೆದದ್ದು ಯಾವ ಕಲ್ಲನ್ನು ನೋಡಿ? ಯಾವುದನ್ನೂ ನೋಡಿ ಅಲ್ಲ. ಇಲ್ಲಿಯವರು ಅಲೆಮಾರಿಗಳು, ಮನೆ ಕಟ್ಟದವರು ಎಂದು ಏಳನೆಯ ಇಯತ್ತೆಯ ಪುಸ್ತಕದಲ್ಲಿ ಓದಿದ್ದೆ. ಜಗತ್ತಿನ ಎಲ್ಲ ಫಲಕಗಳನ್ನೂ ಅನುಮಾನಿಸಿದ ನಾನು ಆ ಪುಸ್ತಕವನ್ನು ಮಾತ್ರ ಅರವತ್ತು ವರ್ಷ ನಂಬಿಕೊಂಡು ಬಂದಿದ್ದೆ, ಮತ್ತು ಅದನ್ನೇ ನನ್ನ ಸ್ವಂತ ವಿಚಾರವೆಂದು ಪತ್ರಿಕೆಯ ಓದುಗರಾದ ನಿಮಗೆ ಕೊಟ್ಟಿದ್ದೆ.

ಕ್ಲೇಟನ್ ನಿಲ್ದಾಣಕ್ಕೆ ಶೈಲಾ ಬಂದಿದ್ದಳು. "ಏನೂ ಮುಟ್ಟಲಿಲ್ಲ ಹೌದಿಲ್ಲರಿ?" ಎಂದಳು. ಮೈತ್ರಿ ನನ್ನ ಮುಖ ನೋಡಿದಳು.

"ಒಂದು ಚಕ್ಕಿ ಕಿತ್ತೆ. ತಿರುಗಿ ಇಟ್ಟೆ," ಎಂದೆ. ಶೈಲಾ ಊದಿದ ನನ್ನ ಹೆಬ್ಬೆರಳನ್ನು ನೋಡಿ, ಕಾರಿನ ಬಾಗಿಲು ತೆರೆದಳು.

ಮರುದಿನ ಮೈತ್ರಿ ಶಾಲೆಯ ಟಿಪ್ಪಣಿ ಬರೆಯಲು ಕೂತಳು. ಬಹಳ ಹೊತ್ತು ಪೆನ್ನು ಕಚ್ಚಿ, "ಅಜ್ಜ, ಎಲ್ಲರ ಮುಂದೆ ನೀನು ರಾಂಗ್ ಅಂತ ಹೇಗೆ ಹೇಳಲಿ?" ಎಂದಳು.

"ನಾ ಮೊದಲ ಹೇಳತೇನಿ. ಆಮ್ಯಾಲ ನೀ ಹೇಳು."

ಅದಕ್ಕಾಗಿ ಈ ಬರಹ. ಆರು ಸಾವಿರದ ಆರುನೂರು ಎಂಬ ಸಂಖ್ಯೆಯನ್ನು ನಾನು ಅಳೆದಿಲ್ಲ; ಅದನ್ನು ಹೇಳಿದವರ ಮಾತಾಗಿಯೇ ನಿಮಗೆ ಒಪ್ಪಿಸಿದ್ದೇನೆ. ಆದರೆ ಈ ಖಂಡದಲ್ಲಿ ಬಿಳಿಯರಿಗಿಂತ ಮುಂಚೆ ಕಲ್ಲಿನ ಮೇಲೆ ಕಲ್ಲು ಇಟ್ಟವರು ಇದ್ದರು, ನನಗಿಂತ ಚೆನ್ನಾಗಿ ಇಟ್ಟಿದ್ದರು ಎಂಬುದಕ್ಕೆ ನಾನೇ ಸಾಕ್ಷಿ. ಎರಡು ವರ್ಷದ ಹಿಂದಿನ ಆ ಪುಟವನ್ನು ಕತ್ತರಿಸಿ ಇಟ್ಟುಕೊಂಡಿರುವವರು ದಯವಿಟ್ಟು ಆ ಸಾಲನ್ನು ಹೊಡೆದುಹಾಕಬೇಕು.

ತರಗತಿಯಲ್ಲಿ ತೋರಿಸಲೆಂದು ಮೈತ್ರಿ ನನ್ನ ಹೆಬ್ಬೆರಳಿನ ಫೋಟೋ ತೆಗೆದುಕೊಂಡಿದ್ದಾಳೆ. ಉಗುರು ಪೂರ್ತಿ ಕಪ್ಪಾಗಿದೆ. ಅದು ಬೆಳೆದು ಬಿದ್ದುಹೋಗುವ ಮೊದಲೇ ಈ ತಿದ್ದುಪಡಿ ನಿಮ್ಮ ಕೈ ಸೇರಲೆಂದು ಇಂದೇ ಕಳಿಸುತ್ತಿದ್ದೇನೆ.